ಕನಸಲ್ಲಿ ಎಚ್ಚರವಾಗಿರೋದು ನಿಜಾನಾ?

ಪವನ್ ಕುಮಾರ್ ಅವರ 'ಲೂಸಿಯಾ' ನೋಡಿದ್ದೀರಲ್ವಾ? ಜನರೇ ದುಡ್ಡು ಹಾಕಿ ಮಾಡಿಸಿದ 2013ರ ಸಿನಿಮಾ. ಥಿಯೇಟರ್‌ನಲ್ಲಿ ಟಾರ್ಚ್ ಬಿಡೋ ನಿಕ್ಕಿಗೆ ನಿದ್ದೆ ಬರಲ್ಲ. ಒಂದು ಮಾತ್ರೆ ನುಂಗಿದರೆ ಕನಸಲ್ಲಿ ಬೇರೆಯದೇ ಬದುಕು. ಆ ಮಾತ್ರೆ ಬರೀ ಕಲ್ಪನೆ. ಆದರೆ ಕನಸಿನೊಳಗೇ 'ಇದು ಕನಸು' ಅಂತ ಗೊತ್ತಾಗೋದು ನಿಜ.

ಅದನ್ನ ತೋರಿಸಿದ್ದು ಹೇಗೆ? ಕನಸು ಜೋರಾಗಿರುವ ರೆಮ್ ನಿದ್ದೆಯಲ್ಲಿ ಕೈಕಾಲಿನ ಸ್ನಾಯುಗಳು ಹೆಚ್ಚುಕಡಿಮೆ ಆಫ್ ಆಗಿರುತ್ತವೆ. ಕಣ್ಣು ಮಾತ್ರ ಆಡುತ್ತೆ. 1975ರಲ್ಲಿ ಇಂಗ್ಲೆಂಡಿನ ಹಲ್ ವಿಶ್ವವಿದ್ಯಾಲಯದಲ್ಲಿ ಕೀತ್ ಹರ್ನ್ ನಡೆಸಿದ ಪ್ರಯೋಗದಲ್ಲಿ ಆಲನ್ ವರ್ಸ್ಲಿ, ಮೊದಲೇ ಮಾತಾಡಿಕೊಂಡಂತೆ, ಕನಸಿನೊಳಗಿಂದ ಕಣ್ಣನ್ನ ಎಡಬಲ ಆಡಿಸಿದರು. ಯಂತ್ರದಲ್ಲಿ ಅದು ದಾಖಲಾಯ್ತು. ಒಳಗಿಂದ ಹೊರಗೆ ಬಂದ ಸಿಗ್ನಲ್!

ನಾನೂ ನಸುಕಿಗೆ ಅಲಾರಂ ಇಟ್ಟು, ಎದ್ದು ಮತ್ತೆ ಮಲಗಿ ಮೂರು ವಾರ ಪ್ರಯತ್ನಿಸಿದೆ. ಒಂದೇ ಸಲ ಆಯ್ತು. ಊರಿನ ಹಳೇ ಮನೆ, ಒಲೆ ಮುಂದೆ ಅಜ್ಜಿ. 'ಅಜ್ಜಿ ತೀರಿಹೋಗಿದ್ದಾರಲ್ಲ' ಅಂತ ಹೊಳೆದಾಗಲೇ ಇದು ಕನಸು ಅಂತ ಗೊತ್ತಾಯ್ತು. ಮಾತಾಡಿಸೋಷ್ಟರಲ್ಲಿ ಎಚ್ಚರ.

ಆಮೇಲೆ ಅಲಾರಂ ತೆಗೆದುಬಿಟ್ಟೆ. ಆಫೀಸಲ್ಲಿ ತೂಕಡಿಸ್ತಿದ್ದೆ, ಅದೊಂದು ಕಾರಣ. ಇನ್ನೊಂದು, ಮುಂದಿನ ಸಲ ಅಜ್ಜಿ ಬಂದರೆ ನನಗೆ ಗೊತ್ತಾಗೋದೇ ಬೇಡ.