ಹಳೇ ಪ್ರವಾಹದ ವಿಡಿಯೊ ಹಾಕಿ ಮಾತಾಡೋರೇ ಗಮನಿಸಿ: ‘ಕೃಪೆ’ ಅಂತ ಬರೆದ್ರೆ ಸಾಲದು

ಗಂಜಾಂ (ಶ್ರೀರಂಗಪಟ್ಟಣ): ಕೆಆರ್‌ಎಸ್‌ನಿಂದ ನದಿಗೆ ನೀರು ಬಿಟ್ರು ಅನ್ನೋ ಸುದ್ದಿ ಬಂದ್ರೆ ಸಾಕು, ನಿಮಿಷಾಂಬ ದೇವಸ್ಥಾನದ ಸ್ನಾನಘಟ್ಟ ಮುಳುಗಿದ ವಿಡಿಯೊ ಮೊಬೈಲ್‌ಗಳಲ್ಲಿ ಓಡಾಡೋಕೆ ಶುರು. ಅದು ಇವತ್ತಿನದ್ದೋ, ಹಿಂದಿನ ಯಾವುದೋ ಮಳೆಗಾಲದ್ದೋ ಹೇಳೋರಿಲ್ಲ. ಯಾರೋ ಅದನ್ನೇ ತಗೊಂಡು, ಹಿಂದೆ ತಮ್ಮ ದನಿ ಸೇರಿಸಿ ‘ಗಂಜಾಂ ಜಲಾವೃತ’ ಅಂತ ಯೂಟ್ಯೂಬ್‌ಗೆ ಹಾಕ್ತಾರೆ. ಬೆಂಗಳೂರಿಂದ ಹೊರಟಿದ್ದ ಭಕ್ತರು ಅದನ್ನ ನೋಡಿ ವಾಪಸ್ ಹೋದ್ರೆ, ಅವತ್ತು ಹಣ್ಣು-ಕಾಯಿ ಅಂಗಡಿಯವರಿಗೆ ಬೋಣಿ ಆಗೋದೇ ಕಷ್ಟ.

ಹಾಗಂತ ಹಳೇ ದೃಶ್ಯ ಬಳಸೋದೇ ತಪ್ಪಲ್ಲ. 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಕಲಂ ವಿಮರ್ಶೆಗೆ, ಪ್ರಚಲಿತ ವಿದ್ಯಮಾನಗಳ ವರದಿಗೆ ಬೇರೆಯವರ ದೃಶ್ಯವನ್ನು ನ್ಯಾಯವಾದ ಮಟ್ಟಿಗೆ ಬಳಸಲು ಅವಕಾಶ ಕೊಡುತ್ತೆ. ಎಷ್ಟು ಸೆಕೆಂಡ್ ಅನ್ನೋ ಲೆಕ್ಕ ಕಾಯ್ದೆಯಲ್ಲಿಲ್ಲ. ಹೇಳೋ ಮಾತಿಗೆ ಎಷ್ಟು ಬೇಕೋ ಅಷ್ಟು ತಗೊಂಡ್ರಾ, ಇಲ್ಲಾ ಇಡೀ ವಿಡಿಯೊ ಎತ್ತಿ ನಡುವೆ ಎರಡು ಮಾತು ಸೇರಿಸಿದ್ರಾ ಅನ್ನೋದು ಮುಖ್ಯ. ‘ಕೃಪೆ: ಮೂಲ ಮಾಲೀಕರಿಗೆ’ ಅಂತ ಕೆಳಗೆ ಬರೆದಮಾತ್ರಕ್ಕೆ ಅನುಮತಿ ಸಿಕ್ಕಂತಲ್ಲ.

ಮಳೆಗಾಲ ಬಿಟ್ರೆ ನಮ್ಮ ಕಡೆ ಹೆಚ್ಚು ಓಡೋದು ಟಿಪ್ಪು ವಿಡಿಯೊಗಳು. ಗುಂಬಜ್ ಇರೋದೇ ಗಂಜಾಂನಲ್ಲಿ ತಾನೇ. ಪರ ಇರಲಿ, ವಿರೋಧ ಇರಲಿ, ಮಾತಾಡೋರು ಹಾಕೋದು ‘ದಿ ಸ್ವೋರ್ಡ್ ಆಫ್ ಟಿಪ್ಪು ಸುಲ್ತಾನ್’ ಧಾರಾವಾಹಿ ತುಣುಕು. ಮೈಸೂರಿನ ಪ್ರೀಮಿಯರ್ ಸ್ಟುಡಿಯೊದಲ್ಲಿ 1989ರಲ್ಲಿ ಬೆಂಕಿ ಬಿದ್ದು 60ಕ್ಕೂ ಹೆಚ್ಚು ಜನ ತೀರಿಕೊಂಡಿದ್ದು ಇದರ ಚಿತ್ರೀಕರಣದಲ್ಲೇ. ನಮ್ಮಲ್ಲಿ ಸಿನಿಮಾ, ವಿಡಿಯೊಗಳ ಹಕ್ಕು ಹೊರಬಂದ ವರ್ಷ ಮುಗಿದ ಮೇಲೆ 60 ವರ್ಷ ಇರುತ್ತೆ. ಧಾರಾವಾಹಿ ಪ್ರಸಾರ ಶುರುವಾಗಿದ್ದು 1990ರಲ್ಲಿ, ಅಂದ್ರೆ 2050 ಮುಗಿಯೋವರೆಗೂ ‘ಹಳೇದು, ಯಾರೂ ಕೇಳಲ್ಲ’ ಅನ್ನೋ ಹಾಗಿಲ್ಲ. ಟಿಪ್ಪು ಸತ್ತಿದ್ದು 1799ರಲ್ಲಿ, ಆಗ ಕ್ಯಾಮೆರಾ ಎಲ್ಲಿತ್ತು? ಮಕ್ಕಳು ನಟನನ್ನೇ ಇತಿಹಾಸ ಅಂದ್ಕೊಳ್ತಾರೆ. ‘ಧಾರಾವಾಹಿ ದೃಶ್ಯ’ ಅಂತ ಪರದೆ ಮೇಲೆ ಹಾಕೋಕೆ ಏನು ಖರ್ಚು?

ಹಕ್ಕುದಾರರು ದೂರು ಕೊಟ್ಟು ಯೂಟ್ಯೂಬ್ ವಿಡಿಯೊ ತೆಗೆದ್ರೆ ಚಾನೆಲ್ ಮೇಲೆ ಒಂದು ಸ್ಟ್ರೈಕ್. 90 ದಿನದೊಳಗೆ ಮೂರು ಬಿದ್ರೆ ಚಾನೆಲ್ಲೇ ಹೋಗಬಹುದು. ಈ ಭಯವೇ ದುಡ್ಡಿನ ಮಾತಿಗೂ ದಾರಿ. ಕೆಲವೇ ಸೆಕೆಂಡಿನ ದೃಶ್ಯಗಳಿಗೆ ಸುದ್ದಿಸಂಸ್ಥೆ ಎಎನ್‌ಐ 45 ಲಕ್ಷ ರೂಪಾಯಿಗೂ ಹೆಚ್ಚು ಕೇಳಿದೆ ಅಂತ ಯೂಟ್ಯೂಬರ್ ಮೋಹಕ್ ಮಂಗಲ್ 2025ರ ಮೇನಲ್ಲಿ ಆರೋಪಿಸಿದ್ರು. ತನ್ನ ಹಕ್ಕು ಕಾಪಾಡಿಕೊಳ್ತಿದ್ದೇನೆ ಅನ್ನೋದು ಸಂಸ್ಥೆಯ ವಾದ. ಜಗಳ ದೆಹಲಿ ಹೈಕೋರ್ಟ್‌ ಮೆಟ್ಟಿಲೇರಿತು. ನ್ಯಾಯವಾದ ಬಳಕೆ ಅನ್ನಿಸಿದ್ರೆ ಸ್ಟ್ರೈಕ್ ವಿರುದ್ಧ ಯೂಟ್ಯೂಬ್‌ಗೇ ಪ್ರತಿ-ನೋಟಿಸ್ ಕೊಡಬಹುದು.

ವಿಡಿಯೊ ನೋಡೋರು ಮೊದಲು ಅವತ್ತಿನ ಕೆಆರ್‌ಎಸ್ ಮಟ್ಟ, ಹೊರಹರಿವು ನೋಡಿ. ಗರಿಷ್ಠ ಮಟ್ಟ 124.80 ಅಡಿ. ಹೊರಹರಿವು ಕಮ್ಮಿ ಇದ್ದು, ವಿಡಿಯೊದಲ್ಲಿ ವೆಲ್ಲೆಸ್ಲಿ ಸೇತುವೆ ಮುಳುಗಿದ್ರೆ ಅದು ಹಳೇದೇ ಇರಬೇಕು. ಒಂದು ಸ್ಕ್ರೀನ್‌ಶಾಟ್ ತೆಗೆದು ಗೂಗಲ್ ಲೆನ್ಸ್‌ಗೆ ಹಾಕಿದ್ರೆ ಹಿಂದೆ ಎಲ್ಲಿ ಬಂದಿತ್ತು ಅನ್ನೋದು ಎಷ್ಟೋ ಸಲ ಸಿಗುತ್ತೆ.

ಇನ್ನೊಂದು ಮಾತು ಅಂಗಡಿಯವರಿಗೆ. ನೀವೇ ನಿಮ್ಮ ಫೋನಲ್ಲಿ ತೆಗೆದ ಪ್ರವಾಹದ ವಿಡಿಯೊ ನಿಮ್ಮದೇ. ಬೇರೆಯವರು ಹೇಳದೆ ಕೇಳದೆ ಪೂರ್ತಿ ಎತ್ತಿ ಹಾಕಿದ್ರೆ ಯೂಟ್ಯೂಬ್‌ನ ಕೃತಿಸ್ವಾಮ್ಯ ದೂರು ಫಾರಂ ತುಂಬಬಹುದು, ಅದಕ್ಕೆ ಶುಲ್ಕ ಇಲ್ಲ. ತಾರೀಖಿನ ಸಮೇತ ಮೂಲ ಫೈಲ್ ಫೋನಿಂದ ಅಳಿಸದೆ ಇಟ್ಟುಕೊಂಡಿರಿ.