ಡಾಂಗಲ್‌ನ ಬೀಗ ಮತ್ತು ಅದರ ಕೈ

ಯುಎಸ್‌ಬಿ ಮೋಡೆಮ್, ಅಂದರೆ ಅಂಗಡಿಗಳಲ್ಲಿ ಡೇಟಾ ಕಾರ್ಡ್ ಅಥವಾ ಡಾಂಗಲ್ ಎಂದು ಕರೆಸಿಕೊಳ್ಳುವ ಬೆರಳುದ್ದದ ಸಾಧನ, ಪರದೆ ಮತ್ತು ಗುಂಡಿಗಳಿಲ್ಲದ ಒಂದು ಮೊಬೈಲ್ ಫೋನೇ ಆಗಿದೆ. ಅದರಲ್ಲಿಯೂ ಸಿಮ್ ಕೂರುವ ಜಾಗವಿದೆ, ರೇಡಿಯೋ ಇದೆ, ಜಗತ್ತಿನಲ್ಲಿ ಆ ಒಂದು ಸಾಧನಕ್ಕೆ ಮಾತ್ರ ಸೇರಿದ 15 ಅಂಕಿಗಳ ಐಎಂಇಐ ಎಂಬ ಗುರುತಿನ ಸಂಖ್ಯೆಯಿದೆ. ಕಂಪನಿಗಳು ಇದನ್ನು ತಮ್ಮ ಹೆಸರಿನ ಮುದ್ರೆಯೊತ್ತಿ ಅಗ್ಗವಾಗಿ ಮಾರುವಾಗ ಬೇರೆ ಕಂಪನಿಯ ಸಿಮ್ ಅದರಲ್ಲಿ ಕೆಲಸ ಮಾಡದಂತೆ ಒಳಗೊಂದು ಬೀಗ ಹಾಕುತ್ತಿದ್ದವು. ಆ ಬೀಗವನ್ನು ತೆಗೆಯುವುದನ್ನೇ ಜನ ‘ಅನ್‌ಲಾಕ್ ಮಾಡಿಸುವುದು’ ಎನ್ನುತ್ತಾರೆ.

ಬೀಗದ ಕಿರಿಕಿರಿ ಬೆಂಗಳೂರಿನ ಪೂರ್ವಭಾಗಕ್ಕೆ ಚೆನ್ನಾಗಿ ತಟ್ಟಿದ್ದು 2011ರ ನಂತರ. ಆ ವರ್ಷದ ಜನವರಿ 20ರಂದು ಸಂಖ್ಯೆ ಬದಲಿಸದೆ ಕಂಪನಿ ಬದಲಿಸುವ ಸೌಲಭ್ಯ ದೇಶದಾದ್ಯಂತ ಜಾರಿಗೆ ಬಂತು, ಅದೇ ತಿಂಗಳಲ್ಲಿ ಏರ್‌ಟೆಲ್ ನಗರದಲ್ಲಿ 3ಜಿ ಸೇವೆಯನ್ನು ಆರಂಭಿಸಿತು. ಸರ್ವಜ್ಞನಗರ ಕ್ಷೇತ್ರದ ಕಮ್ಮನಹಳ್ಳಿ, ಬಾಣಸವಾಡಿ, ಲಿಂಗರಾಜಪುರಗಳಂಥ ಬಡಾವಣೆಗಳಲ್ಲಿ ಬಾಡಿಗೆ ಕೋಣೆಯಿಂದ ಬಾಡಿಗೆ ಕೋಣೆಗೆ ಸಾಗುವ ವಿದ್ಯಾರ್ಥಿಗೂ ಹೊಸದಾಗಿ ಕೆಲಸಕ್ಕೆ ಸೇರಿದವನಿಗೂ ತಂತಿಯ ಸಂಪರ್ಕಕ್ಕಿಂತ ಡಾಂಗಲ್ಲೇ ಅನುಕೂಲವಾಗಿತ್ತು. ಆದರೆ ಒಂದು ಬೀದಿಯಲ್ಲಿ ಚೆನ್ನಾಗಿ ಸಿಗುವ ಸಿಗ್ನಲ್ ಮುಂದಿನ ಬೀದಿಯ ನೆಲಮಹಡಿಯಲ್ಲಿ ಸಿಗದೆ ಹೋಗಬಹುದು. ಸಂಖ್ಯೆಯನ್ನು ಬೇರೆ ಕಂಪನಿಗೆ ಒಯ್ಯುವ ಹಕ್ಕು ಗ್ರಾಹಕನಿಗೆ ಬಂದಿತ್ತಾದರೂ ಹಣ ಕೊಟ್ಟು ಕೊಂಡ ಡಾಂಗಲ್ ಮಾತ್ರ ಹಳೆಯ ಕಂಪನಿಗೇ ಅಂಟಿಕೊಂಡಿತ್ತು. ಫೋನಿಗೆ ಬೀಗವೆಂಬುದು ಹೊಸದೇನಲ್ಲ. ಕೆ.ಆರ್. ಪುರದ ಪಕ್ಕದ ದೂರವಾಣಿನಗರದಲ್ಲಿ 1948ರಲ್ಲಿ ಹುಟ್ಟಿದ ಐಟಿಐ ಕಾರ್ಖಾನೆ ದೇಶಕ್ಕೆಲ್ಲ ಟೆಲಿಫೋನ್ ಮಾಡಿಕೊಟ್ಟ ಕಾಲದಲ್ಲಿ, ಬೇರೆಯವರು ಕರೆ ಮಾಡಿ ಬಿಲ್ ಏರಿಸದಿರಲೆಂದು ಮನೆಯ ಯಜಮಾನರು ತಿರುಗುವ ಡಯಲ್‌ನ ರಂಧ್ರಕ್ಕೆ ಪುಟ್ಟ ಬೀಗ ಸಿಕ್ಕಿಸುತ್ತಿದ್ದರು. ಅಲ್ಲಿ ಬೀಗ ಹಾಕಿದವನು ಮನೆಯವನೇ. ಡಾಂಗಲ್‌ನಲ್ಲಿ ಹಾಗಲ್ಲ ಎಂಬುದೇ ದೊಡ್ಡ ವ್ಯತ್ಯಾಸ.

ಈ ಬೀಗ ಇರುವುದು ಯಂತ್ರದ ಭಾಗಗಳಲ್ಲಿ ಅಲ್ಲ, ಅದನ್ನು ನಡೆಸುವ ತಂತ್ರಾಂಶದಲ್ಲಿ. ಪ್ರತಿ ಸಿಮ್‌ನಲ್ಲಿಯೂ ಐಎಂಎಸ್‌ಐ ಎಂಬ ಸಂಖ್ಯೆಯಿದ್ದು, ಅದರ ಮೊದಲ ಮೂರು ಅಂಕಿಗಳು ದೇಶವನ್ನೂ ನಂತರದ ಅಂಕಿಗಳು ಕಂಪನಿಯನ್ನೂ ಸೂಚಿಸುತ್ತವೆ: ಕರ್ನಾಟಕದ ಏರ್‌ಟೆಲ್‌ಗೆ 404-45, ಬಿಎಸ್‌ಎನ್‌ಎಲ್‌ಗೆ 404-71. ವಿದ್ಯುತ್ ಹರಿದೊಡನೆ ಮೋಡೆಮ್ ಈ ಅಂಕಿಗಳನ್ನು ಓದಿ ತನ್ನೊಳಗಿನ ಪಟ್ಟಿಯೊಂದಿಗೆ ಹೋಲಿಸುತ್ತದೆ. ಹೊಂದದಿದ್ದರೆ ಸಂಪರ್ಕಕ್ಕೆ ಹೋಗದೆ ಕೋಡ್ ಕೇಳುತ್ತದೆ. ಆಗ ಬಹಳವಾಗಿ ಬಳಕೆಯಲ್ಲಿದ್ದ ಹುವಾವೇ ಮೋಡೆಮ್‌ಗಳಿಗೆ ‘ಕಾರ್ಡ್‌ಲಾಕ್’ ಎಂಬ ಆಜ್ಞೆಯನ್ನು ಕಳುಹಿಸಿದರೆ ‘1, 10’ ಎಂಬಂಥ ಉತ್ತರ ಬರುತ್ತದೆ. 1 ಎಂದರೆ ಬೀಗವಿದೆ, ಕೋಡ್ ಬೇಕು. 10 ಎಂದರೆ ಇನ್ನು ಹತ್ತು ಪ್ರಯತ್ನಗಳು ಉಳಿದಿವೆ. ಸರಿಯಾದ ಕೋಡ್ ಕೊಟ್ಟರೆ 1 ಇದ್ದಲ್ಲಿ 2 ಬರುತ್ತದೆ, ಹತ್ತೂ ತಪ್ಪಿದರೆ 3 ಬಂದು ಕೋಡ್ ಕೊಡುವ ದಾರಿಯೇ ಮುಚ್ಚಿಹೋಗುತ್ತದೆ. ಊಹೆಯ ಮೇಲೆ ಅಂಕಿ ಒತ್ತುವುದು ಅಪಾಯವೆನ್ನುವುದು ಇದಕ್ಕಾಗಿ.

ಹುವಾವೇಯ ಹಳೆಯ ಮಾದರಿಗಳಲ್ಲಿ ಈ ಕೋಡ್ ಸಿದ್ಧವಾಗುತ್ತಿದ್ದ ಬಗೆ ಗಮನಿಸುವಂಥದ್ದು. ಐಎಂಇಐಗೆ ಒಂದು ಗುಪ್ತ ಅಕ್ಷರಮಾಲೆಯನ್ನು ಸೇರಿಸಿ, 1992ರಲ್ಲಿ ಪ್ರಕಟವಾದ ಎಂಡಿ5 ಎಂಬ ಗಣಿತ ವಿಧಾನಕ್ಕೆ ಒಪ್ಪಿಸಿದಾಗ ಬರುವ 16 ಬೈಟ್‌ಗಳನ್ನು ನಾಲ್ಕು ಬೈಟ್‌ಗಳಿಗೆ ಮಡಿಸಿ, ಒಂದು ಮಿತಿಗೆ ಒಳಪಡಿಸಿದರೆ 3,35,54,432 ಮತ್ತು 6,71,08,863ರ ನಡುವಿನ ಎಂಟಂಕಿಯ ಸಂಖ್ಯೆ ದೊರೆಯುತ್ತಿತ್ತು. ಗುಪ್ತ ಅಕ್ಷರಮಾಲೆ ಎಲ್ಲ ಮೋಡೆಮ್‌ಗಳಿಗೂ ಒಂದೇ ಆಗಿದ್ದರಿಂದ, ಅದು ಒಮ್ಮೆ ಹೊರಬಿದ್ದ ಮೇಲೆ ಸಾಧನದ ಬೆನ್ನ ಮೇಲೆ ಅಚ್ಚಾದ ಐಎಂಇಐಯೊಂದಿದ್ದರೆ ಯಾರಾದರೂ ಕೋಡ್ ಲೆಕ್ಕಹಾಕಬಹುದಾಗಿತ್ತು. ಕಂಪನಿ ಆ ಬಳಿಕ ಲೆಕ್ಕದ ವಿಧಾನವನ್ನೇ ಬದಲಾಯಿಸಿತು.

ಬೀಗ ತೆಗೆದ ಮಾತ್ರಕ್ಕೆ ಯಾವ ಸಿಮ್ ಬೇಕಾದರೂ ನಡೆಯುತ್ತದೆಂಬ ನಂಬಿಕೆ ಮಾತ್ರ ತಪ್ಪು. ಕೋಡ್ ಅನುಮತಿಯನ್ನು ಕೊಡುತ್ತದೆಯೇ ಹೊರತು ರೇಡಿಯೋವನ್ನು ಬದಲಿಸುವುದಿಲ್ಲ. ಟಾಟಾ ಫೋಟಾನ್ ಪ್ಲಸ್ ಸಿಡಿಎಂಎ ಎಂಬ ಬೇರೆಯೇ ಪದ್ಧತಿಯದಾದ್ದರಿಂದ ಅದನ್ನು ಏರ್‌ಟೆಲ್‌ನ 3ಜಿಗೆ ಒಗ್ಗಿಸುವುದು ಸಾಧ್ಯವಿರಲಿಲ್ಲ. ಕೋಲ್ಕತ್ತದ ನಂತರ ದೇಶದ ಎರಡನೆಯ ನಗರವಾಗಿ ಬೆಂಗಳೂರಿಗೆ 2012ರ ಮೇ ತಿಂಗಳಲ್ಲಿ ಬಂದ ಏರ್‌ಟೆಲ್ 4ಜಿ, 2300 ಮೆಗಾಹರ್ಟ್ಸ್ ತರಂಗಾಂತರದಲ್ಲಿ ನಡೆಯುತ್ತಿದ್ದರೆ, 3ಜಿ ನಡೆಯುತ್ತಿದ್ದುದು 2100ರಲ್ಲಿ. ಎಲ್ಲವೂ ಹೊಂದಿದ ಮೇಲೂ ಎಪಿಎನ್, ಅಂದರೆ ಇಂಟರ್ನೆಟ್ಟಿಗೆ ಹೋಗುವ ಬಾಗಿಲಿನ ಹೆಸರು, ಹಳೆಯ ಕಂಪನಿಯದೇ ಉಳಿದಿದ್ದರೆ ದೀಪ ಮಿನುಗುತ್ತದೆ, ಪುಟ ತೆರೆಯುವುದಿಲ್ಲ. ಬಿಎಸ್‌ಎನ್‌ಎಲ್ ಸಿಮ್ ಹಾಕಿದವರು ಅಲ್ಲಿ ‘ಬಿಎಸ್‌ಎನ್‌ಎಲ್‌ನೆಟ್’ ಎಂದು ತುಂಬಬೇಕು.

ಬೀಗ ತೆಗೆಸುವುದನ್ನೂ ಐಎಂಇಐ ತಿದ್ದುವುದನ್ನೂ ಒಂದೇ ಎಂದು ಭಾವಿಸಬಾರದು. ಐಎಂಇಐ ತಿದ್ದುವುದನ್ನು ಭಾರತ ಸರ್ಕಾರ 2017ರ ಆಗಸ್ಟ್‌ನ ನಿಯಮಗಳ ಮೂಲಕ ನಿಷೇಧಿಸಿದೆ. ಕಳವಾದ ಸಾಧನವನ್ನು ಪತ್ತೆಹಚ್ಚುವುದು ಈ ಸಂಖ್ಯೆಯ ಆಧಾರದಿಂದಲೇ. ಕೋಡ್ ಕೊಟ್ಟು ಬೀಗ ತೆಗೆದರೆ ಐಎಂಇಐ ಇದ್ದಂತೆಯೇ ಇರುತ್ತದೆ. ಪೂರ್ತಿ ಬೆಲೆ ತೆತ್ತವನಿಗೆ ಅಥವಾ ಒಪ್ಪಂದದ ಅವಧಿ ಮುಗಿಸಿದವನಿಗೆ ಡಾಂಗಲ್ ಮಾರಿದ ಕಂಪನಿಯೇ ಆ ಕೋಡನ್ನು ಕೇಳಿದ ಕೂಡಲೇ ಉಚಿತವಾಗಿ ಕೊಡಬೇಕಾದುದು ನ್ಯಾಯ. ಕೆನಡಾ 2017ರ ಡಿಸೆಂಬರ್‌ನಿಂದ ಅನ್‌ಲಾಕ್ ಶುಲ್ಕವನ್ನೇ ರದ್ದುಮಾಡಿತು, ಬ್ರಿಟನ್ 2021ರ ಡಿಸೆಂಬರ್‌ನಿಂದ ಬೀಗ ಹಾಕಿದ ಫೋನ್‌ಗಳ ಮಾರಾಟವನ್ನೇ ತಡೆಯಿತು.

ಇಂದು ಹಳೆಯ ಸಾಮಾನಿನ ರಾಶಿಯಿಂದ 3ಜಿ ಡಾಂಗಲ್ ಆರಿಸಿಕೊಳ್ಳುವವರು ಬೀಗಕ್ಕಿಂತ ಮೊದಲು ಜಾಲವನ್ನು ನೋಡಬೇಕು. ಏರ್‌ಟೆಲ್ 2019ರಲ್ಲಿ ಕೋಲ್ಕತ್ತದಿಂದ ಆರಂಭಿಸಿ ತನ್ನ 3ಜಿಯನ್ನು ಮುಚ್ಚಿತು, 2016ರಲ್ಲಿ ಬಂದ ಜಿಯೋಗೆ ಮೊದಲಿನಿಂದಲೂ 3ಜಿ ಇರಲಿಲ್ಲ. ಬೆನ್ನ ಮೇಲಿನ ಚೀಟಿಯಲ್ಲಿ 4ಜಿ ಅಥವಾ ಎಲ್‌ಟಿಇ ಎಂಬ ಗುರುತಿಲ್ಲದಿದ್ದರೆ, ಎಂಟಂಕಿಯ ಕೋಡ್ ಸರಿಯಾಗಿ ಕೂತರೂ ಈ ಎರಡು ಕಂಪನಿಗಳ ಸಿಮ್‌ನಿಂದ 3ಜಿ ವೇಗವೂ ಸಿಗುವುದಿಲ್ಲ.