ವಿಜಯಪುರಕ್ಕೆ ಬಂದಿದ್ದ ಡಚ್ ರಾಯಭಾರಿ

ಮುಳವಾಡದಿಂದ ರೈಲು ಹತ್ತಿ ವಿಜಯಪುರಕ್ಕೆ ಹೋದರೆ ಕಣ್ಣಿಗೆ ಬೀಳೋದು ಗೋಳಗುಮ್ಮಟ. ಅಲ್ಲಿ ಮಲಗಿರುವ ಮುಹಮ್ಮದ್ ಆದಿಲ್ ಶಾಹನ ದರಬಾರಿಗೆ 1637ರಲ್ಲಿ ಒಬ್ಬ ಡಚ್ಚರವನು ಬಂದ. ಹೆಸರು ಯೋಹಾನ್ ವಾನ್ ಟ್ವಿಸ್ಟ್. ಡಚ್ ಈಸ್ಟ್ ಇಂಡಿಯಾ ಕಂಪನಿಯ ನೌಕರ; ಬಂದದ್ದು ಮಾತ್ರ ರಾಯಭಾರಿಯಾಗಿ.

ಕಂಪನಿಯ ಕಣ್ಣು ಗೋವಾದ ಮೇಲೆ. ಪೋರ್ಚುಗೀಸರ ಹಡಗು ಹೊರಬೀಳದಂತೆ ಬಂದರಿನ ಬಾಯಲ್ಲೇ ಡಚ್ ಹಡಗುಗಳು ಕಾವಲು ನಿಂತಿದ್ದವು. ಆದರೆ ಎಷ್ಟು ದಿನ ಅಂತ ಸಮುದ್ರದಲ್ಲೇ ಇರೋದು? ಕುಡಿಯೋ ನೀರಿಗೆ, ದಿನಸಿಗೆ ದಡ ಬೇಕಲ್ಲ! ಆ ದಡ ಇದ್ದದ್ದು ಸುಲ್ತಾನನ ಕೈಯಲ್ಲಿ.

ಮಾತುಕತೆ ಕುದುರಿತು. ಅದೇ ವರ್ಷ ಗೋವಾದ ಉತ್ತರಕ್ಕೆ, ವೆಂಗುರ್ಲಾದಲ್ಲಿ ಡಚ್ಚರ ಕೋಠಿ ಎದ್ದಿತು. ಸುಲ್ತಾನನೇನು ದಡ್ಡನಲ್ಲ ಬಿಡಿ, ಪೋರ್ಚುಗೀಸರನ್ನು ಕಾಡುವವರು ಅವನಿಗೂ ಬೇಕಿತ್ತು.

1641ರಲ್ಲಿ ಡಚ್ಚರು ಮಲಕ್ಕಾ ಗೆದ್ದರು. ಅಲ್ಲಿಗೆ ಗವರ್ನರ್ ಆಗಿ ಹೋದವನೂ ಇದೇ ವಾನ್ ಟ್ವಿಸ್ಟ್.